ಮುಕ್ಕಾಲು ಸಿನಿಮಾ

ನಮ್ಮ ಆಯಿ ಇಡೀ ಬಾಳಿನಲ್ಲಿ ನೋಡಿದ್ದು ಮುಕ್ಕಾಲು ಸಿನಿಮಾ. ಅದೂ ತನಗೆ ಒಂದಕ್ಷರ ಬಾರದ ತೆಲುಗಿನಲ್ಲಿ.

ಆಯಿಯ ತವರು ಅಕ್ಕಲಕೋಟೆಯ ಆಚೆ. ಹದಿಮೂರಕ್ಕೋ ಹದಿನಾಲ್ಕಕ್ಕೋ ಲಗ್ನವಾಗಿ ಆಳಂದ ತಾಲೂಕಿನ ನಮ್ಮ ಸರಸಂಬಾಕ್ಕೆ ಬಂದಾಗ ಆಕೆಗೆ ಮರಾಠಿ ಬಿಟ್ಟು ಬೇರೇನೂ ಬಾರದು. ಆಗ ನಮ್ಮ ಸೀಮೆ ನಿಜಾಮನದು, ಅಕ್ಕಲಕೋಟೆಗೆ ಬೇರೆಯೇ ರಾಜ. 1948ರಲ್ಲಿ ನಿಜಾಮಶಾಹಿ ಹೋಯಿತು. 1956ರಲ್ಲಿ ನಾವು ಮೈಸೂರು ರಾಜ್ಯಕ್ಕೆ ಸೇರಿದೆವು, ಆಕೆಯ ತಮ್ಮಂದಿರು ಮುಂಬಯಿ ರಾಜ್ಯದಲ್ಲೇ ಉಳಿದರು. 1967ರಲ್ಲಿ ಮಹಾಜನ ಆಯೋಗ ಅಕ್ಕಲಕೋಟೆ ಈ ಕಡೆಗೆ ಬರಲಿ ಎಂದಿತು, ಬರಲಿಲ್ಲ. ಇಷ್ಟೆಲ್ಲ ನಡೆಯುವಾಗ ಆಯಿ ಒಲೆಯ ಮುಂದೆ ಕೂತು ಭಕ್ಕರಿ ಬಡಿಯುತ್ತಿದ್ದಳು. ಗೆರೆ ಎಳೆದವರ್‍ಯಾರೂ ಸೊಸೆಯಂದಿರನ್ನು ಕೇಳಿರಲಿಲ್ಲ.

ಕನ್ನಡವನ್ನೇನೋ ಕಲಿತಳು. ಆದರೆ ಮರಾಠಿಯಲ್ಲಿ ವಸ್ತುಗಳಿಗೆಲ್ಲ ಇರುವ ಗಂಡು ಹೆಣ್ಣನ್ನು ಗಂಟು ಕಟ್ಟಿಕೊಂಡೇ ಬಂದಿದ್ದಳು. ಆಕೆಯ ಬಾಯಲ್ಲಿ ಚಹಾ ಯಾವತ್ತೂ ‘ಆರಿದ’, ಭಕ್ಕರಿ ‘ಹೊತ್ತಿದಳು’, ಆಳಂದದ ಬಸ್ಸು ‘ಬಂದಳು’. ನಾವು ಮೊಮ್ಮಕ್ಕಳು ಬೇಕಂತಲೇ ಕೇಳುತ್ತಿದ್ದೆವು: ‘ಆಯಿ, ಬಸ್ ಬಂತೇನ?’ ‘ಇನ್ನಾ ಬಂದಿಲ್ಲಳಪಾ,’ ಅನ್ನುವಳು. ವ್ಯಾಕರಣಕ್ಕೂ ಗೊತ್ತಿಲ್ಲದ ಕ್ರಿಯಾಪದ ಅದು.

ಸಿನಿಮಾದ ಕತೆ ಶುರುವಾಗುವುದು ಆಕೆಯಿಂದಲ್ಲ, ನನ್ನಿಂದ. ‘ಏಕ್ ದೂಜೆ ಕೇ ಲಿಯೇ’ 1981ರಲ್ಲಿ ತೆರೆಗೆ ಬಂದದ್ದು. ಆಳಂದದ ಟಾಕೀಸಿಗೆ ಅದು ತಲುಪುವ ಹೊತ್ತಿಗೆ ರೀಲಿಗೆ ಮಳೆ ಹಿಡಿದಿತ್ತು, ನನಗೆ ಮೀಸೆಯ ಗುಮಾನಿ ಬರುತ್ತಿತ್ತು. ತಮಿಳು ಹುಡುಗ ವಾಸು, ಹಿಂದಿ ಮಾತಾಡುವ ನೆರೆಮನೆಯ ಹುಡುಗಿ ಸಪ್ನಾ, ಗೋವಾದ ಸಮುದ್ರ. ಸಮುದ್ರವನ್ನು ನಾವ್ಯಾರೂ ಕಂಡಿರಲಿಲ್ಲ. ತುಂಬಿದ ಅಮರ್ಜಾ ಹೊಳೆಯನ್ನು ನಾಲ್ಕು ಪಟ್ಟು ಮಾಡಿಕೊಂಡು ಸಮಾಧಾನ ಪಟ್ಟೆವು.

ಚಿತ್ರದಲ್ಲಿ ತಾಯಿ ಸುಟ್ಟ ಪ್ರೇಮಿಯ ಫೋಟೋದ ಬೂದಿಯನ್ನು ಮಗಳು ಚಹಾದಲ್ಲಿ ಕಲಸಿ ಕುಡಿಯುತ್ತಾಳೆ. ನನ್ನ ಗೆಳೆಯನೊಬ್ಬ ತಾನು ಮೆಚ್ಚಿದವಳ ಫೋಟೋ ಸಿಗದೆ, ಆಕೆಯ ಹೆಸರು ಬರೆದ ನೋಟ್‌ಬುಕ್ಕಿನ ಹಾಳೆ ಸುಟ್ಟು ಕುಡಿದ. ಎರಡು ದಿನ ಸಾಲಿಗೆ ಬರಲಿಲ್ಲ. ನಾನು ಅಷ್ಟು ಧೈರ್ಯಸ್ಥನಲ್ಲ. ಹಣಮಪ್ಪನ ಗುಡಿಯ ಹಿಂದಿನ ಗೋಡೆಯ ಮೇಲೆ ಇದ್ದಲಿಯಿಂದ ನನ್ನ ಮೊದಲಕ್ಷರ ಬರೆದು, ಪಕ್ಕಕ್ಕೊಂದು ‘ಸ’ ಬರೆದೆ. ಸಪ್ನಾಳ ‘ಸ’ ಅದು, ಖರೇ ಹೇಳಬೇಕೆಂದರೆ ಬೇರೆ ಯಾರೂ ಇರಲಿಲ್ಲ. ಆದರೆ ನಮ್ಮ ಇಯತ್ತೆಯಲ್ಲಿ ‘ಸ’ದಿಂದ ಶುರುವಾಗುವ ಹುಡುಗಿಯರು ಮೂವರಿದ್ದರು, ಅವರಿಗೆ ಅಣ್ಣಂದಿರು ಐದು ಮಂದಿ. ‘ಸ ಅಂದ್ರ ಸರಸಂಬಾ ರೀ, ಊರಿನ ಅಭಿಮಾನ’ ಎಂದು ಗೋಗರೆದೆ. ಮಾಸ್ತರರು ನಂಬಿದಂತೆ ನಟಿಸಿ, ಆ ಅಭಿಮಾನಕ್ಕೆ ಸುಣ್ಣ ಬಳಿಸಿದರು.

ಮರುವರ್ಷ ಬೇಸಿಗೆಯಲ್ಲಿ ಆಯಿಯ ಜೊತೆ ಸೊಲ್ಲಾಪುರಕ್ಕೆ ಹೋದೆ. ವಾಗ್ದರಿ ದಾಟಿ ಅಕ್ಕಲಕೋಟೆ, ಅಲ್ಲಿಂದ ಮುಂದೆ ಮಹಾರಾಷ್ಟ್ರದ ಕೆಂಪು ಬಸ್ಸು. ಆಯಿಯ ತಮ್ಮ ಅಲ್ಲಿ ಟವೆಲ್ ನೇಯುವ ಮಗ್ಗದ ಕೆಲಸಕ್ಕಿದ್ದ. ಅಪ್ಪನಿಗೆ ಮಾಮಾ, ಹಾಗಾಗಿ ನಮಗೆಲ್ಲರಿಗೂ ಮಾಮಾ. ಅವನ ಬಾಡಿಗೆ ಮನೆ ಇದ್ದದ್ದು ಪದ್ಮಶಾಲಿಗಳ ಗಲ್ಲಿಯಲ್ಲಿ. ತೆಲಂಗಾಣದಿಂದ ಮಗ್ಗ ಹೊತ್ತು ಬಂದು ತಲೆಮಾರುಗಳಿಂದ ನೆಲೆಸಿದ ತೆಲುಗರು ಅವರು. ಸೊಲ್ಲಾಪುರದ ಚಾದರು ಹೆಸರಾದದ್ದು ಅವರ ಕೈಯಿಂದ. ಶ್ರಾವಣದ ಹುಣ್ಣಿಮೆಗೆ ಮಾರ್ಕಂಡೇಯನ ರಥ ಎಳೆಯುತ್ತಾರೆ, ಅಂಗಡಿಯಲ್ಲಿ ಮರಾಠಿ, ಮನೆಯಲ್ಲಿ ತೆಲುಗು, ನಮ್ಮಂಥವರು ಬಂದರೆ ಕನ್ನಡ.

ಒಂದು ರಾತ್ರಿ ಗಲ್ಲಿಯವರು ವರ್ಗಣಿ ಹಾಕಿ ವಿಸಿಆರ್ ತಂದರು. ಕ್ಯಾಸೆಟ್ಟು ‘ಮರೋ ಚರಿತ್ರ’. ಕಪ್ಪು ಬಿಳುಪು. ಹತ್ತು ನಿಮಿಷ ನೋಡುವುದರಲ್ಲಿ ನನಗೆ ಅನುಮಾನ ಬಂತು. ಅದೇ ಕಮಲ ಹಾಸನ್, ಅದೇ ನೆರೆಮನೆ, ಅದೇ ಲಿಫ್ಟು. ‘ಇದು ಹಿಂದಿ ಪಿಚ್ಚರಿನ ಕಾಪಿ’ ಎಂದು ದೊಡ್ಡ ದನಿಯಲ್ಲಿ ಸಾರಿದೆ. ಪಕ್ಕದಲ್ಲಿದ್ದ ಪದ್ಮಶಾಲಿ ಹುಡುಗ ಹೊಡೆಯುವುದೊಂದು ಬಾಕಿ. ಅವನೇ ಸರಿ. ತೆಲುಗು ಚಿತ್ರ 1978ರದು, ಹಿಂದಿಯದು ಅದರ ಬೆನ್ನು ಹತ್ತಿ ಬಂದದ್ದು. ಎರಡಕ್ಕೂ ನಿರ್ದೇಶಕ ತಮಿಳಿನ ಕೆ. ಬಾಲಚಂದರ್. ಹಿಂದಿಗೆ ದುಡ್ಡು ಹಾಕಿದವರು ತೆಲುಗಿನ ಎಲ್.ವಿ. ಪ್ರಸಾದ್. ಮೂಲ ಕತೆಯಲ್ಲಿ ತಮಿಳು ಹುಡುಗ ಬಾಲು, ತೆಲುಗು ಹುಡುಗಿ ಸ್ವಪ್ನಾ, ಊರು ವಿಶಾಖಪಟ್ಟಣ. ಹೊಸಮುಖದ ಸರಿತಾಳ ಕಣ್ಣು ಆ ಹಳೆ ಕ್ಯಾಸೆಟ್ಟಿನ ಗೆರೆಗಳ ನಡುವೆಯೂ ಹೊಳೆಯುತ್ತಿದ್ದವು. ಗೋವಾದ ಬಣ್ಣದ ಸಮುದ್ರಕ್ಕಿಂತ ಈ ಬಣ್ಣವಿಲ್ಲದ ಸಮುದ್ರ ನನಗೆ ಹೆಚ್ಚು ಒದ್ದೆಯೆನಿಸಿತು, ಇವತ್ತಿಗೂ ಹಾಗೇ.

ತೆಲುಗು ಬಾರದ ಬಾಲು ಲಿಫ್ಟಿನಲ್ಲಿ ಹುಡುಗಿಯನ್ನು ಒಲಿಸುವುದು ಬರೀ ತೆಲುಗು ಸಿನಿಮಾಗಳ ಹೆಸರು ಪೋಣಿಸಿದ ಹಾಡಿನಿಂದ. ಆತ್ರೇಯ ಬರೆದದ್ದು, ಎಂ.ಎಸ್. ವಿಶ್ವನಾಥನ್ ರಾಗ ಕೂಡಿಸಿದ್ದು, ಎಸ್.ಪಿ. ಬಾಲಸುಬ್ರಹ್ಮಣ್ಯಂ ಹಾಡಿದ್ದು. ಹಿಂದಿಗೆ ಹೋದಾಗ ಲಕ್ಷ್ಮೀಕಾಂತ್-ಪ್ಯಾರೇಲಾಲ್ ಜೋಡಿಗೆ ಈ ಮದ್ರಾಸಿನ ಗಂಟಲು ಹಿಂದಿಗೆ ಒಗ್ಗೀತೇ ಎಂಬ ಅಳುಕಿತ್ತಂತೆ. ನಾಯಕನೇ ತಮಿಳಿನವ, ಉಚ್ಚಾರ ಅತ್ತಿತ್ತ ಆದರೆ ಪಾತ್ರಕ್ಕೆ ಒಳ್ಳೆಯದೇ ಆಯಿತು ಎಂದು ಬಾಲಚಂದರ್ ಪಟ್ಟು ಹಿಡಿದರು. ಆ ಚಿತ್ರದ ಹಾಡಿಗೇ ಎಸ್‌ಪಿಬಿಗೆ ರಾಷ್ಟ್ರಪ್ರಶಸ್ತಿ ಬಂತು. ಇದನ್ನು ಓದಿದ ದಿನ ನನಗೆ ನೆನಪಾದದ್ದು ಬಸ್ಸನ್ನು ‘ಬಂದಳು’ ಮಾಡುವ ಆಯಿ. ಅವಳಿಗೂ ಒಬ್ಬ ಬಾಲಚಂದರ್ ಸಿಕ್ಕಿದ್ದ. ನಮ್ಮ ಮುತ್ಯಾ ಆಕೆಯ ಕನ್ನಡವನ್ನು ಒಮ್ಮೆಯೂ ತಿದ್ದಿದವನಲ್ಲ.

ಆಯಿ ಅಂದು ಹೊಸ್ತಿಲ ಬಳಿ ಕೂತು ನೋಡಿದಳು. ನನಗೆ ಹಿಂದಿ ನೋಡಿದ ಗತ್ತು, ಮುಂದಿನದನ್ನು ಮುಂಚೆಯೇ ಹೇಳುತ್ತಿದ್ದೆ. ‘ಲಗ್ನಾ ಯಾಕ ಬ್ಯಾಡಂತಾರೋ?’ ಎಂದಳು.

‘ಭಾಷಾ ಬ್ಯಾರೆ ಅದಾ ಅಂತ.’

‘ಮತ್ತ?’

‘ಮತ್ತೇನಿಲ್ಲ ಆಯಿ, ಭಾಷಾನೇ.’

‘ಭಾಷಾ ಏನ್ ಹಚ್ಚೀಯೋ. ಕಲ್ತರ ಬರ್ತಾಳ.’

ಭಾಷೆಯೂ ಮರಾಠಿಯಲ್ಲಿ ಹೆಣ್ಣೇ.

ಹಿರಿಯರು ಶರತ್ತು ಹಾಕುತ್ತಾರೆ: ಒಂದು ವರ್ಷ ಒಬ್ಬರನ್ನೊಬ್ಬರು ನೋಡಬಾರದು, ಪತ್ರ ಬರೆಯಬಾರದು, ಆಮೇಲೂ ಮನಸ್ಸಿದ್ದರೆ ಮದುವೆ. ಅದನ್ನು ಬಿಡಿಸಿ ಹೇಳಿದಾಗ ಆಯಿಗೆ ನಗು ಬಂತು. ಮುತ್ಯಾ ಬರಗಾಲದಲ್ಲಿ ಮುಂಬಯಿಗೆ ದುಡಿಯಲು ಹೋದವನು ಹದಿನಾಲ್ಕು ತಿಂಗಳಿಗೆ ಮರಳಿದ್ದ. ಅವನಿಗೆ ಬರೆಯಲು ಬರುತ್ತಿರಲಿಲ್ಲ, ಇವಳಿಗೆ ಓದಲು. ನಮ್ಮ ಕಡೆಯ ಎಷ್ಟೋ ಗಂಡ ಹೆಂಡಿರು ಈ ಶರತ್ತನ್ನು ಸಿನಿಮಾ ಬರುವ ಮೊದಲೇ ಪಾಸು ಮಾಡಿದವರು.

ಅಷ್ಟರಲ್ಲಿ ಗಲ್ಲಿಯ ಆ ತುದಿಯಿಂದ ಕೂಗು ಬಂತು. ಸೊಲ್ಲಾಪುರದಲ್ಲಿ ನೀರು ಹೇಳಿ ಕೇಳಿ ಬರುವುದಿಲ್ಲ. ‘ನಳಾ ಬಂದ!’ ಎಂದು ಆಯಿ ಕೊಡ ಎತ್ತಿಕೊಂಡು ಓಡಿದಳು, ಅರ್ಧ ಗಲ್ಲಿ ಹಿಂದೆಯೇ ಓಡಿತು. ಕಡೆಯ ಭಾಗ ನೋಡಿದ್ದು ನಾವು ನಾಲ್ಕೈದು ಹುಡುಗರು.

ಆ ಕಡೆಯ ಭಾಗದ ಮೇಲೆ ನನ್ನ ಸಿಟ್ಟು ಇನ್ನೂ ಇಳಿದಿಲ್ಲ. ವರ್ಷ ತುಂಬುತ್ತದೆ, ಹಿರಿಯರು ಸೋಲುತ್ತಾರೆ, ಭಾಷೆಯ ಜಗಳ ಅಲ್ಲಿಗೇ ಮುಗಿಯುತ್ತದೆ. ಆಮೇಲೆ ಸಂಬಂಧವೇ ಇಲ್ಲದ ಇಬ್ಬರ ದುಷ್ಟತನವನ್ನು ಒಂದೇ ಹೊತ್ತಿಗೆ ತಂದು, ಅವಳನ್ನು ಕೆಡಿಸಿ, ಇವನನ್ನು ಬಡಿಸಿ, ಇಬ್ಬರನ್ನೂ ಸಮುದ್ರಕ್ಕೆ ನೂಕುತ್ತಾರೆ. ಅಷ್ಟು ಜಾಣ ನಿರ್ದೇಶಕನಿಗೆ ಈ ಅವಸರ ಯಾಕೆ ಬೇಕಿತ್ತು? ಹಿಂದಿಯದು ಬಂದ ಮೇಲಂತೂ ಅದನ್ನೇ ಅನುಕರಿಸಿ ಪ್ರೇಮಿಗಳು ಜೀವ ಕಳೆದುಕೊಂಡ ಸುದ್ದಿಗಳು ಬಂದವು. ಗೋಡೆಗೆ ಸುಣ್ಣ ಬಳಿದು ಪಾರಾದ ನಾನು ಪುಣ್ಯವಂತ.

ತೆಲುಗಿನ ಈ ಚಿತ್ರ ಮದ್ರಾಸಿನಲ್ಲೂ ಬೆಂಗಳೂರಿನಲ್ಲೂ ಡಬ್ಬಿಂಗ್ ಇಲ್ಲದೆ, ತೆಲುಗಿನಲ್ಲೇ ವರ್ಷ ಮೀರಿ ಓಡಿತು. ಭಾಷೆ ಅಡ್ಡ ಬರುತ್ತದೆ ಎನ್ನುವ ಕತೆಯನ್ನು ಭಾಷೆ ಬಾರದವರೇ ಗೆಲ್ಲಿಸಿದರು! ಸರಿತಾ 1982ರಲ್ಲಿ ‘ಹೊಸಬೆಳಕು’ ಚಿತ್ರಕ್ಕೆ ರಾಜಕುಮಾರರ ಎದುರು ಬಂದಳು. ‘ಮರೋ ಚರಿತ್ರ’ದಲ್ಲಿ ವಿಧವೆ ಸಂಧ್ಯಾ ಆಗಿದ್ದ ಮಾಧವಿ ಅದೇ ವರ್ಷ ‘ಹಾಲು ಜೇನು’ವಿಗೆ ಬಂದಳು. ಬಾಲಚಂದರ್ ಕನ್ನಡದಲ್ಲೇ ‘ಬೆಂಕಿಯಲ್ಲಿ ಅರಳಿದ ಹೂವು’, ‘ಎರಡು ರೇಖೆಗಳು’ ಮಾಡಿದರು. ಎಸ್‌ಪಿಬಿ ‘ಸಂಗೀತ ಸಾಗರ ಗಾನಯೋಗಿ ಪಂಚಾಕ್ಷರ ಗವಾಯಿ’ಗಾಗಿ ಕನ್ನಡಕ್ಕೂ ಒಂದು ರಾಷ್ಟ್ರಪ್ರಶಸ್ತಿ ತಂದುಕೊಟ್ಟರು. 2010ರಲ್ಲಿ ತೆಲುಗಿನವರು ‘ಮರೋ ಚರಿತ್ರ’ವನ್ನು ಮತ್ತೆ ಬಣ್ಣದಲ್ಲಿ ತೆಗೆದರು. ಅದರ ಸುದ್ದಿ ಬೇಡ.

ಆ ರಾತ್ರಿ ಆಯಿ ಮೂರನೆಯ ಕೊಡ ಇಳಿಸಿ, ಸೆರಗಿನಿಂದ ಮುಖ ಒರೆಸಿಕೊಳ್ಳುತ್ತ ಬಂದಾಗ ಟೀವಿ ಆರಿಸಿಯಾಗಿತ್ತು. ಪದ್ಮಶಾಲಿ ಹುಡುಗನ ಕಣ್ಣು ಕೆಂಪಗಿತ್ತು, ನನ್ನದೂ.

‘ಲಗ್ನಾ ಆಯ್ತೇನೋ ಆ ಪಾರಗೋಳ್ದು?’

ಅವನು ನನ್ನ ಮುಖ ನೋಡಿದ.

‘ಆಯ್ತು ಆಯಿ,’ ಅಂದೆ.

‘ಛಲೋ ಆಯ್ತು ಬಿಡು,’ ಎಂದು ಕೊಡ ಎತ್ತಿಕೊಂಡು ಮತ್ತೆ ಹೋದಳು. ನಳ ಇನ್ನೂ ನಿಂತಿರಲಿಲ್ಲ.