ರೀಲು ನಿಂತ ರಾತ್ರಿ

ಹಂಡೆ ಒಲೆಗೆ ಇನ್ನೊಂದು ಸೌದೆ ನೂಕು ಮಗ. ನೀರು ಕಾಯುವಷ್ಟರಲ್ಲಿ ಹೇಳಿ ಮುಗಿಸ್ತೀನಿ.

ಆಗ ನೆಲಮಂಗಲದಲ್ಲಿ ನಮ್ಮ ಪಾಲಿಗಿದ್ದದ್ದು ಟೆಂಟು ಸಿನಿಮಾ. ಸುತ್ತ ತಡಿಕೆ, ಮುಂದೆ ನೆಲ, ಹಿಂದೆ ಬೆಂಚು, ಕೊನೆಗೆ ಒಂದಿಷ್ಟು ಕುರ್ಚಿ. ನೆಲದಲ್ಲಿ ಕೂತವರು ಮರಳು ಗುಡ್ಡೆ ಮಾಡಿಕೊಂಡು ಎತ್ತರವಾಗೋರು. ಹಿಂದಿನವನು ಬೈದರೆ ಇನ್ನೊಂದು ಬೊಗಸೆ ಸೇರಿಸೋರು! ಮೈಕಿನಲ್ಲಿ ಘಂಟಸಾಲರ ‘ನಮೋ ವೆಂಕಟೇಶ’ ಕೇಳಿಸಿತೋ, ಆಟ ಇನ್ನೇನು ಶುರು ಅಂತ ಅರ್ಥ, ಉಣ್ಣುತ್ತಿದ್ದ ಮುದ್ದೆ ಬಿಟ್ಟು ಓಡಬೇಕು.

ಬಂದಿದ್ದು ‘ಬಭ್ರುವಾಹನ’. ಚಿತ್ರ 1977ರದ್ದು. ಬೆಂಗಳೂರಿನ ಗಾಂಧಿನಗರದಿಂದ ರೀಲಿನ ಡಬ್ಬ ನಮ್ಮೂರಿಗೆ ಮೂವತ್ತು ಕಿಲೋಮೀಟರು ಬರೋ ಹೊತ್ತಿಗೆ ವರ್ಷ ದಾಟಿತ್ತು. ಅಪ್ಪ ಅರ್ಜುನನೂ ರಾಜ್‌ಕುಮಾರ್, ಮಗ ಬಭ್ರುವಾಹನನೂ ರಾಜ್‌ಕುಮಾರ್. ಇಬ್ಬರೂ ಎದುರುಬದುರಾಗಿ ಹಂಗಿಸಿಕೊಂಡು ಹಾಡುವ ಹಾಡು ಒಂದಿದೆಯಲ್ಲ, ಜನ ಬಂದಿದ್ದೇ ಅದಕ್ಕೆ. ಒಂದು ದನಿ ರಾಜಣ್ಣನದೇ, ಇನ್ನೊಂದು ಪಿ.ಬಿ. ಶ್ರೀನಿವಾಸ್ ಅವರದು. ಹಾಡು ಇನ್ನೇನು ಶುರುವಾಗಬೇಕು, ಕರೆಂಟು ಹೋಯ್ತು.

ಶಿಳ್ಳೆ, ಕೂಗಾಟ. ಟೆಂಟಿನವರು ಎಂಜಿನ್ನಿನ ಹ್ಯಾಂಡಲ್ ತಿರುವಿದ್ದೇ ತಿರುವಿದ್ದು. ಅದು ಎರಡು ಸಲ ಕೆಮ್ಮಿ ಸುಮ್ಮನಾಯ್ತು. ‘ಕಾಸು ವಾಪಸ್ ಕೊಡ್ರೋ’ ಅಂತ ಬೆಂಚಿನವರು ಎದ್ದರು.

ಆ ಕತ್ತಲಲ್ಲೇ ಯಾರೋ ಕೂಗಿದರು: ‘ಮೇಷ್ಟ್ರು ಇಲ್ಲೇ ಅವ್ರೆ ಕಣ್ರಪ್ಪೋ!’

ಮೇಷ್ಟ್ರು ಅಂದರೆ ಇಸ್ಕೂಲ್ ಮೇಷ್ಟ್ರಲ್ಲ, ಹಾರ್ಮೋನಿಯಂ ಮೇಷ್ಟ್ರು. ರಾಗಿ ಒಕ್ಕಣೆ ಮುಗಿದ ಮೇಲೆ ನಮ್ಮ ಕಡೆ ಊರೂರಲ್ಲೂ ‘ಕುರುಕ್ಷೇತ್ರ’ ಕಲಿಸುತ್ತಿದ್ದವರು. ನಿನಗೆ ಗೊತ್ತಾ, ಈ ನಾಟಕದಲ್ಲಿ ಪಾತ್ರ ಮಾಡೋರಿಗೆ ಯಾರೂ ದುಡ್ಡು ಕೊಡಲ್ಲ, ಅವರೇ ಕೊಡಬೇಕು. ಕೃಷ್ಣನಿಗೆ, ದುರ್ಯೋಧನನಿಗೆ ಜಾಸ್ತಿ, ಸೈನಿಕನಿಗೆ ಕಮ್ಮಿ. ಹೊಲ ಅಡವಿಟ್ಟು ಭೀಮನಾದವರು ನಮ್ಮ ನೆಂಟರಲ್ಲೇ ಇದ್ದಾರೆ, ಹೆಸರು ಬೇಡ.

ಸೈಕಲ್ ಕ್ಯಾರಿಯರಿನ ಮೇಲೆ ಪೆಟ್ಟಿಗೆ ಬಂತು. ಸೋಡಾ ಅಂಗಡಿಯ ಗ್ಯಾಸ್‌ಲೈಟು ತಂದು ನೆಲದ ಮೇಲಿಟ್ಟರು. ಆ ವರ್ಷದ ಅರ್ಜುನ, ದುರ್ಯೋಧನ ಇಬ್ಬರೂ ಅಲ್ಲೇ ಬೀಡಿ ಸೇದುತ್ತಾ ಕೂತಿದ್ದರು. ಎಳೆದು ನಿಲ್ಲಿಸಿದರು. ಒಬ್ಬ ಲುಂಗಿ, ಇನ್ನೊಬ್ಬ ಪಟ್ಟೆಪಟ್ಟೆ ಚಡ್ಡಿ ಕಾಣೋ ಹಾಗೆ ಎತ್ತಿ ಕಟ್ಟಿದ ಪಂಚೆ. ಆದರೆ ಹಿಂದೆ ಪರದೆ ಇತ್ತಲ್ಲ, ಗ್ಯಾಸ್‌ಲೈಟಿನ ಬೆಳಕಿಗೆ ಅವರ ನೆರಳು ಅದರ ಮೇಲೆ ಆಳೆತ್ತರ ದಾಟಿ ನಿಂತಿತು. ಕೈ ಎತ್ತಿದರೆ ಗದೆ ಎತ್ತಿದ ಹಾಗೇ ಕಾಣೋದು. ಮೇಷ್ಟ್ರು ಶ್ರುತಿ ಹಿಡಿದರು, ದುರ್ಯೋಧನ ಕಂದ ಎತ್ತಿದ. ಟೆಂಟು ಗಪ್‌ಚಿಪ್. ಮುಗಿಯೋ ಮೊದಲೇ ‘ಒನ್ಸ್ ಮೋರ್!’ ಹೆಂಗಸರ ಕಡೆಯಿಂದಲೂ ಕೇಳಿಸಿತು, ಅದು ಮಾತ್ರ ನನಗೆ ಚೆನ್ನಾಗಿ ನೆನಪಿದೆ.

ಇದೇನೂ ಹೊಸದಲ್ಲ ಬಿಡು. ಕನ್ನಡ ಸಿನಿಮಾ 1934ರಲ್ಲಿ ‘ಸತಿ ಸುಲೋಚನ’ದಿಂದ ಮಾತು ಕಲಿತಿದ್ದೇ ಕಂಪನಿ ನಾಟಕದವರ ಬಾಯಲ್ಲಿ. ಅದರ ಸುಬ್ಬಯ್ಯ ನಾಯ್ಡು, ನಾಗೇಂದ್ರರಾಯರು ಇಬ್ಬರೂ ರಂಗದವರು. ರಾಜಣ್ಣನೂ ಅಪ್ಪ ಪುಟ್ಟಸ್ವಾಮಯ್ಯನವರ ಜೊತೆ ಗುಬ್ಬಿ ಕಂಪನಿಯಲ್ಲೇ ಬೆಳೆದದ್ದು. ತುಮಕೂರು ದಾಟಿದರೆ ಗುಬ್ಬಿ, ನಮಗೇನು ದೂರ! ಅವತ್ತು ಸಿನಿಮಾ ಕೈಕೊಟ್ಟಿತು, ನಾಟಕ ತನ್ನ ಜಾಗಕ್ಕೆ ತಾನೇ ಬಂದು ಕೂತಿತು, ಅಷ್ಟೆ.

ಒಂದು ಗಂಟೆಯೋ ಒಂದೂವರೆಯೋ ಆದ ಮೇಲೆ ಕರೆಂಟು ಬಂತು. ‘ಏಯ್, ಆಫ್ ಮಾಡೋ’ ಅಂತ ನೆಲದವರು ಆಪರೇಟರನ ಮೇಲೇ ಹಾರಿಬಿದ್ದರು. ಅವನು ಪಾಪ, ಕಂದ ಮುಗಿಯುವವರೆಗೂ ಕಾದು, ರೀಲು ಹಿಂದಕ್ಕೆ ಸುತ್ತಿ ಅದೇ ಹಾಡಿನಿಂದ ಬಿಟ್ಟ. ನಮ್ಮ ದುರ್ಯೋಧನ ಬೆವರು ಒರೆಸಿಕೊಂಡು ಬಂದು ನನ್ನ ಪಕ್ಕದಲ್ಲೇ ಮರಳಿನ ಮೇಲೆ ಕೂತ. ಹಾಡು ಪೂರ್ತಿ ಕೇಳಿದ. ಆಮೇಲೆ ಬೀಡಿ ಹಚ್ಚಿಕೊಂಡು ಅಂದ:

‘ಪರವಾಗಿಲ್ಲ ಕಣಪ್ಪ. ರಾಜಣ್ಣಂಗೂ ಯಾರೋ ಒಳ್ಳೆ ಮೇಷ್ಟ್ರು ಸಿಕ್ಕವ್ರೆ.’