ಕೈಯ ಅಳತೆ

ಬೆಳ್ಳುಳ್ಳಿಯು ನಮ್ಮ ಮನೆಯ ಅಡಿಗೆಯ ಕೋಣೆಯನ್ನು ಇದುವರೆಗೆ ಹೊಕ್ಕುದಿಲ್ಲ. ಹಿರಿಯರ ಕಾಲದಿಂದ ನಡೆದು ಬಂದ ನಿಯಮವದು. ಹಾಗಿದ್ದೂ ಬೆಳ್ಳುಳ್ಳಿಯನ್ನೇ ಕುರಿತ ಚಿತ್ರವೊಂದನ್ನು ನಾವು ಮನೆಮಂದಿಯೆಲ್ಲ ಕುಳಿತು ನೋಡಿದೆವೆಂದರೆ ವಾಚಕರಿಗೆ ನಗು ಬಂದೀತು. ಅಮೆರಿಕದ ಲೆಸ್ ಬ್ಲ್ಯಾಂಕ್ ಎಂಬವರು 1980ರಲ್ಲಿ ತೆಗೆದ ಸಾಕ್ಷ್ಯಚಿತ್ರವದು. ಬೆಳ್ಳುಳ್ಳಿಯು ಹತ್ತು ಮಂದಿ ತಾಯಂದಿರಿಗೆ ಸಮವೆಂಬ ಗಾದೆಯೇ ಅದರ ಹೆಸರು. ಅದರಲ್ಲಿ ಕಥೆಯಿಲ್ಲ, ನಾಯಕನಿಲ್ಲ. ಬೆಳ್ಳುಳ್ಳಿಯನ್ನು ಸುಲಿಯುವವರು, ಜಜ್ಜುವವರು, ಹುರಿಯುವವರು, ಹಾಡಿ ಕುಣಿದು ಉಣ್ಣುವವರು, ಇಷ್ಟೇ.

ಚಲಚ್ಚಿತ್ರಕ್ಕೆ ಕಣ್ಣುಂಟು, ಕಿವಿಯುಂಟು, ಮೂಗಿಲ್ಲ. ಈ ಕೊರತೆಗೆ ಬ್ಲ್ಯಾಂಕರು ಒಂದು ಉಪಾಯ ಹೂಡಿದರು. ಚಿತ್ರವನ್ನು ತೋರಿಸುವಾಗ ಸಭಾಂಗಣದ ಹಿಂಭಾಗದಲ್ಲಿ, ನೋಡುವವರಿಗೆ ತಿಳಿಯದಂತೆ, ಸಣ್ಣ ವಿದ್ಯುತ್ ಒಲೆಯೊಳಗೆ ಕೆಲವು ಬೆಳ್ಳುಳ್ಳಿ ಗಡ್ಡೆಗಳನ್ನಿಟ್ಟು ಸುಡಬೇಕು. ಅರ್ಧ ಚಿತ್ರ ಮುಗಿಯುವ ಹೊತ್ತಿಗೆ ಸಭೆಯನ್ನೆಲ್ಲ ಆ ವಾಸನೆ ತುಂಬಬೇಕು! ನಮ್ಮ ಮನೆಯಲ್ಲಿ ಈ ಸೂಚನೆಯನ್ನು ಪಾಲಿಸಲಿಲ್ಲವೆಂದು ಬೇರೆ ಹೇಳಬೇಕಾಗಿಲ್ಲ.

ಅವರ ಕೆಲಸದಲ್ಲಿ ವಿನೋದವಿದ್ದರೂ ಅದು ಬರಿಯ ವಿನೋದವಲ್ಲ. 1990ರಲ್ಲಿ ಬಂದ ಅವರ ಇನ್ನೊಂದು ಚಿತ್ರವು ಲೂಯಿಸಿಯಾನ ಪ್ರಾಂತದ ಕೇಜನ್ ಮತ್ತು ಕ್ರಿಯೋಲ್ ಜನರ ಅಡಿಗೆಯನ್ನು ಕುರಿತುದು. ಕೇಜನರ ಪೂರ್ವಿಕರು ಫ್ರೆಂಚರು. ಈಗಿನ ಕೆನಡದ ಪೂರ್ವ ಕರಾವಳಿಯಲ್ಲಿದ್ದ ಅವರನ್ನು 1755ರಿಂದ ಬ್ರಿಟಿಷರು ಊರು ಬಿಡಿಸಿ ಓಡಿಸಿದರು. ಲೂಯಿಸಿಯಾನದಲ್ಲಿ ನೆಲೆ ನಿಂತ ಮೇಲೆಯೂ ಕಷ್ಟ ತಪ್ಪಲಿಲ್ಲ; 20ನೆಯ ಶತಮಾನದಲ್ಲಿ ಮನೆಮಾತನ್ನು ಶಾಲೆಯಲ್ಲಿ ಆಡಿದ ಮಕ್ಕಳಿಗೆ ಶಿಕ್ಷೆಯಾಗುತ್ತಿದ್ದಿತು. ಆ ಮಾತು ಮನೆಯೊಳಗೆ, ಒಲೆಯ ಬಳಿಯಲ್ಲಿ ಮತ್ತು ಹಾಡುಗಳಲ್ಲಿ ಉಸಿರು ಹಿಡಿದುಕೊಂಡಿತು. ಬ್ಲ್ಯಾಂಕರು ಕ್ಯಾಮರಾವನ್ನು ಕೊಂಡೊಯ್ದು ನಿಲ್ಲಿಸಿದುದು ಆ ಒಲೆಯ ಬಳಿಯಲ್ಲಿಯೇ.

ಇದನ್ನು ತಿಳಿದ ಮೇಲೆ ನನ್ನ ಮನಸ್ಸು ನಮ್ಮ ಅತ್ತೆಯವರ ಕಡೆಗೆ ಹರಿಯಿತು. ಅವರಿಗೆ ಎಂಬತ್ತು ದಾಟಿದೆ. ಯಾವುದಕ್ಕೆ ಏನನ್ನು ಎಷ್ಟು ಹಾಕಬೇಕೆಂದು ಕೇಳಿದರೆ, “ಕೈಗೆ ಗೊತ್ತು” ಎನ್ನುವರು. ಕೈಗೆ ಗೊತ್ತಿರುವುದನ್ನು ಕಾಗದದ ಮೇಲೆ ಇಳಿಸುವುದೆಂತು? ಆದಕಾರಣ ಅವರು ರವೆ ಉಂಡೆಗೆ ಕುಳಿತ ದಿನ ನನ್ನ ಮಗಳು ತನ್ನ ಮೊಬೈಲನ್ನು ಹಿಡಿದು ಎದುರಿಗೆ ಕುಳಿತಳು.

“ನನ್ನ ಮೋರೆ ಏಕೆ ಮಗು? ಕೈಯನ್ನು ನೋಡು” ಎಂದರು ಅತ್ತೆಯವರು. ಪಾಕವನ್ನು ಹೆಬ್ಬೆರಳು ತೋರುಬೆರಳುಗಳ ನಡುವೆ ಹಿಡಿದು ಬಿಡಿಸಿ, “ಇದು ಒಂದೆಳೆ ಪಾಕ” ಎಂದು ತೋರಿಸಿದರು. ಆ ಮಾತನ್ನು ನನ್ನ ಮಗಳು ಕೇಳಿದುದು ಅದೇ ಮೊದಲು. ಅನಂತರ ಕೇಳದೆಯೇ ಮಾತು ಬೆಳೆಯಿತು: ಈ ಹದವನ್ನು ಕಲಿಸಿದ ಸೋದರತ್ತೆ, ಬಾಲವಿಧವೆಯಾಗಿ ತವರಿಗೆ ಹಿಂದಿರುಗಿ, ಊರಿನ ಮದುವೆಗಳಿಗೆಲ್ಲ ಉಂಡೆ ಕಟ್ಟಿಕೊಟ್ಟು, ತಾನು ಮಾತ್ರ ಹಸೆಯ ಬಳಿ ಸುಳಿಯದೆ ಇದ್ದವಳು. ಮೂವತ್ತು ವರ್ಷ ಈ ಮನೆಯಲ್ಲಿ ಉಂಡೆ ತಿಂದ ನಾನು ಆಕೆಯ ಸುದ್ದಿಯನ್ನು ಅಂದು ಕೇಳಿದೆನು.

ಉಂಡೆ ಮಾಡುವ ಕ್ರಮ ಯಾವ ಪುಸ್ತಕದಲ್ಲಿಯಾದರೂ ದೊರೆಯುವುದು. ಆ ಸೋದರತ್ತೆ ದೊರೆಯುವುದಿಲ್ಲ. ಸಾಮಗ್ರಿ ಕೂಡಿ ಬರಲಿ, ಬೆಳಕು ಚೆನ್ನಾಗಿರಲಿ ಎಂದು ಕಾಯುವುದು ಬೇಡ. ಮನೆಯಲ್ಲಿ ಹಿರಿಯರಿರುವವರು ಅವರ ಎದುರಿಗೆ ಕುಳಿತುಕೊಳ್ಳಲಿ. ಅಡಿಗೆ ಮುಗಿದ ಕೂಡಲೆ ಯಂತ್ರವನ್ನು ನಿಲ್ಲಿಸದಿರಲಿ.