ಬಣ್ಣ ಹಚ್ಚದ ಪಾತ್ರ

ಅರುವತ್ತೆಂಟನೆಯ ವಯಸ್ಸಿನಲ್ಲಿ ಮನುಷ್ಯನು ತೀರ್ಥಯಾತ್ರೆಗೆ ಹೊರಡುವುದುಂಟು. ಸಿನಿಮಾದಲ್ಲಿ ಪಾತ್ರ ವಹಿಸಲು ಹೊರಡುವುದುಂಟೆ? ನಾನು ಹೊರಟೆ. ಮೈಸೂರಿನ ಮುದ್ರಣಾಲಯವೊಂದರಲ್ಲಿ ಮೂವತ್ತೈದು ವರ್ಷ ಮೊಳೆ ಜೋಡಿಸಿದವನು ನಾನು. ಆಫ್‌ಸೆಟ್ ಯಂತ್ರವೂ ಕಂಪ್ಯೂಟರೂ ಬಂದಮೇಲೆ ಸೀಸದ ಅಕ್ಷರಗಳು ತೂಕದ ಲೆಕ್ಕದಲ್ಲಿ ಮಾರಾಟವಾದುವು. ನಾನು ಮನೆ ಸೇರಿದೆ.

2016ರ ಕೊನೆಯಲ್ಲಿ ತರುಣ ನಿರ್ದೇಶಕನೊಬ್ಬನು ನನ್ನನ್ನು ವಿಚಾರಿಸಿಕೊಂಡು ಬಂದನು. ಮುದಿ ಕಂಪೋಸಿಟರನ ಪಾತ್ರಕ್ಕೆ ಅವನಿಗೆ ಜನ ಬೇಕಾಗಿತ್ತು.

"ನನಗೆ ನಟನೆ ಬಾರದಪ್ಪಾ" ಎಂದೆ.

"ಬಾರದಿರುವುದೇ ಒಳ್ಳೆಯದು ತಾತ. 'ತಿಥಿ' ನೋಡಿದ್ದೀರಾ?" ಎಂದನು.

ನೋಡಿದ್ದೆ. ರಾಮ್ ರೆಡ್ಡಿಯವರ ಆ ಚಿತ್ರದಲ್ಲಿ ಗಡ್ಡಪ್ಪನಾದ ಚನ್ನೇಗೌಡರಾಗಲಿ, ಸೆಂಚುರಿ ಗೌಡನಾದ ಸಿಂಗ್ರಿಗೌಡರಾಗಲಿ ವೃತ್ತಿನಟರಲ್ಲ; ಮಂಡ್ಯ ಸೀಮೆಯ ಹಳ್ಳಿಗರು. ಆದರೂ 2015ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ, ಹೊಸ ನಿರ್ದೇಶಕರ ವಿಭಾಗದ ಸುವರ್ಣ ಚಿರತೆ ಆ ಚಿತ್ರಕ್ಕೇ ಸಂದಿತು. ಹಾಗಿರುವಾಗ ನನಗೇಕೆ ಅಳುಕು ಎಂದು ಒಪ್ಪಿಕೊಂಡೆ.

ಮುಖಕ್ಕೆ ಬಣ್ಣ ಹಚ್ಚಲಿಲ್ಲ. ಎಲ್ಲಿಂದಲೋ ತಂದ ಮೊಳೆಗಳ ಕೇಸನ್ನು ಮುಂದಿಟ್ಟು, ಎಡಗೈಗೆ ಸ್ಟಿಕ್ಕು ಕೊಟ್ಟರು. ಹೆಂಡತಿಯ ವೈಕುಂಠ ಸಮಾರಾಧನೆಯ ಕಾರ್ಡನ್ನು ಮುದುಕನು ತಾನೇ ಜೋಡಿಸುವ ದೃಶ್ಯವದು. ಇದನ್ನು ಕೇಳಿ ನಾನು ಬೆಚ್ಚಿದೆ, ಹೇಳಲಿಲ್ಲ.

ನನ್ನಾಕೆ ತೀರಿಕೊಂಡದ್ದು 1994ರಲ್ಲಿ. ಮೂರನೆಯ ದಿನವೇ ಸೂತಕದ ಮನೆಯಿಂದೆದ್ದು ನಾನು ಮುದ್ರಣಾಲಯಕ್ಕೆ ಹೋದೆ. ಕಾಲೇಜಿನಲ್ಲಿ ಓದುತ್ತಿದ್ದ ಮಗ ಆಗ ಬಾಯಿಬಿಟ್ಟು ಏನನ್ನೂ ಕೇಳಲಿಲ್ಲ. ಆದರೆ ಅಂದಿನಿಂದ ನಮ್ಮಿಬ್ಬರ ನಡುವೆ ಮಾತು ಎಣಿಕೆಯದಾಯಿತು. ನಾನೂ ವಿವರಿಸಲಿಲ್ಲ. ದಿನವಿಡೀ ಪರರ ಮಾತನ್ನು ಜೋಡಿಸುವವನಿಗೆ ತನ್ನ ಮಾತು ಕೂಡಿಬರುವುದು ಕಷ್ಟ.

ಚೀಟಿಯಲ್ಲಿ ಕಥೆಯ ಹೆಂಗಸಿನ ಹೆಸರಿತ್ತು. ಬೆರಳುಗಳು ಚೀಟಿಯನ್ನು ಲಕ್ಷಿಸಲಿಲ್ಲ. ಮೊಳೆಯ ಮೇಲಿನ ಅಕ್ಷರ ಕನ್ನಡಿಯೊಳಗಿನಂತೆ ತಿರುವುಮುರುವಾದುದರಿಂದ ಸುತ್ತ ನಿಂತವರಾರಿಗೂ ತಿಳಿಯಲಿಲ್ಲ. ಶಾಯಿ ಬಳಿದು ಕರಡು ತೆಗೆದಾಗ ಕಾಗದದ ಮೇಲೆ ಮೂಡಿದ್ದು ನನ್ನ ಹೆಂಡತಿಯ ಹೆಸರು!

"ತಪ್ಪಾಯಿತು, ಮತ್ತೊಮ್ಮೆ ಜೋಡಿಸುತ್ತೇನೆ" ಎಂದೆ ನಾಚಿಕೆಯಿಂದ.

ಹುಡುಗನು ಕರಡನ್ನೂ ನನ್ನನ್ನೂ ನೋಡಿದನು. "ಬೇಡ ತಾತ, ಇರಲಿ. ಕಥೆಯಲ್ಲೇ ಹೆಸರು ಬದಲಾಯಿಸುತ್ತೇನೆ."

ಚಿತ್ರ ಸಿದ್ಧವಾದಾಗ ಮಗನನ್ನೂ ಸೊಸೆಯನ್ನೂ ಕರೆದೊಯ್ದೆ. ಆ ಹೆಸರು ತೆರೆಯ ಮೇಲೆ ನಿಂತದ್ದು ಎರಡು ಕ್ಷಣ. ಕತ್ತಲಲ್ಲಿ ಮಗನ ಕೈ ನನ್ನ ಕೈಯನ್ನು ಹುಡುಕಿಕೊಂಡು ಬಂದಿತು.

"ಅಪ್ಪಾ, ಆ ದಿನ ನೀವು ಪ್ರೆಸ್ಸಿಗೆ ಹೋದದ್ದು ಇದಕ್ಕೇನು?"

"ಹೌದಪ್ಪಾ. ಬೇರೆಯವರು ಜೋಡಿಸಿದ್ದರೆ ಒತ್ತಕ್ಷರ ತಪ್ಪುತ್ತಿತ್ತು" ಎಂದೆ.

ಆಮೇಲೆ ಯಾವ ನಿರ್ದೇಶಕನೂ ನನ್ನನ್ನು ಕರೆಯಲಿಲ್ಲ. ಮಗ ಮಾತ್ರ ಭಾನುವಾರ ತಪ್ಪದೆ ಬರುತ್ತಾನೆ.